ಅಡುಗೆಮನೆಯಲ್ಲಿ ಇಟ್ಟ ಎಡೆ

೧೯೮೬ರ ಅಕ್ಟೋಬರಿನ ಒಂದು ಭಾನುವಾರ ಮಧ್ಯಾಹ್ನ ನಾನು ಕ್ಯಾಲಿಫೋರ್ನಿಯಾದ ಮಿಲ್ಪಿಟಾಸ್‌ನಲ್ಲಿ ನಮ್ಮ ಪಕ್ಕದ ಅಪಾರ್ಟ್‌ಮೆಂಟಿನ ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದೆ. ಕೈಯಲ್ಲಿ ಆ ಮನೆಯವರು ಕೇಳಿದ್ದ ಮಡಚುವ ಕುರ್ಚಿಗಳು. ಹಿಂದೆ ನನ್ನ ಹೆಂಡತಿ. ಒಲೆಯ ಮುಂದಿದ್ದ ಕೊರಿಯಾದ ಆ ನೆರೆಯಾಕೆಯ ಮುಂಗೈ ತುಂಬ ಎಣ್ಣೆ ಸಿಡಿದ ಕೆಂಪು ಚುಕ್ಕೆಗಳಿದ್ದವು.

ವಾರವಿಡೀ ಎಲೆಕ್ಟ್ರಾನಿಕ್ಸ್ ಕಂಪನಿಯಲ್ಲಿ ದುಡಿದವರು, ಹಿರಿಯ ಸೊಸೆಯೆಂದು ಮಾವನ ವರ್ಷದ ಎಡೆಗೆ ಮುಂಜಾನೆಯಿಂದ ಮೀನು, ತರಕಾರಿ ಕರಿಯುತ್ತಿದ್ದರು. ಆ ಮನೆಯಲ್ಲಿ ಯಾರೂ ಅವರನ್ನು ಹೆಸರು ಹಿಡಿದು ಕರೆದದ್ದನ್ನು ನಾನು ಕೇಳಿರಲಿಲ್ಲ. ಅತ್ತೆಗೆ ಸೊಸೆ, ಗಂಡನಿಗೆ ಮಗಳ ಅಮ್ಮ. ಕಾಫಿಗೆ ಕರೆದರೂ, ಸ್ವಲ್ಪ ಕೂತುಕೊಳ್ಳಿ ಎಂದರೂ ಅವರದು ಒಂದೇ ಮಾತು: "ನನ್ನದು ಆಮೇಲೆ." ದಣಿವನ್ನು ಬಾಯಿಬಿಟ್ಟು ಹೇಳಿದವರಲ್ಲ. ಮಾತಿನ ನಡುವೆ ಗೋಡೆಗೆ ಒರಗಿ ಕಣ್ಣು ಮುಚ್ಚುತ್ತಿದ್ದರು, ಅಷ್ಟೇ.

ಮುಂದಿನ ಕೋಣೆಯಲ್ಲಿ ಗಂಡಸರು ಮಾವನ ಫೋಟೋಗೆ ಅಡ್ಡಬಿದ್ದರು.

"ನಿಮ್ಮನೆ ತಿಥೀನೂ ಹೀಗೇ ಅಲ್ವೇನ್ರೀ," ಎಂದು ಹೆಂಡತಿ ನನ್ನ ಕಿವಿಯಲ್ಲಿ ಅಂದಳು. "ಬೇಯೋದು ನಾವು, ಪುಣ್ಯ ನಿಮಗೆ."

ಎಲ್ಲರೂ ಊಟಕ್ಕೆ ಕೂರಲು ಹೊರಟಾಗ ಆಕೆ ಏಪ್ರನ್ ಬಿಚ್ಚಿದರು. ಬಿಸಿ ಅನ್ನದ ಬಟ್ಟಲನ್ನು ಕಟ್ಟೆಯ ಮೇಲಿಟ್ಟು, ನಡುವೆ ಚಮಚ ನೆಟ್ಟರು. ಅವರಲ್ಲಿ ಎಡೆ ಇಡುವುದು ಹಾಗೆ. ಹಿಂದೆ ತಮ್ಮ ತಾಯಿಯ ಫೋಟೋ ಒರಗಿಸಿದರು.

ಅತ್ತೆ ಬಂದು ನೋಡಿದರು. ಅವರಿಬ್ಬರ ಕೊರಿಯನ್ ಮಾತನ್ನು, ನಮ್ಮ ಪಕ್ಕ ನಿಂತಿದ್ದ ಆಕೆಯ ಮಗಳು ಮೆಲ್ಲಗೆ ಇಂಗ್ಲಿಷಿನಲ್ಲಿ ಹೇಳುತ್ತಾ ಹೋದಳು.

"ಕೊಟ್ಟ ಹೆಣ್ಣು ತವರಿನ ಎಡೆ ಇಡ್ತಾಳಾ? ಅದಕ್ಕೆ ಗಂಡುಮಕ್ಕಳಿರ್ತಾರೆ," ಎಂದರು ಅತ್ತೆ.

"ಅಮ್ಮನಿಗಿಲ್ಲ. ನಾವು ಬರೀ ಹೆಣ್ಣುಮಕ್ಕಳು. ಇದುವರೆಗೆ ಅವಳಿಗೆ ಯಾರೂ ಅನ್ನ ಇಟ್ಟಿಲ್ಲ."

"ನೆಂಟರು ಹೋಗಲಿ. ಆಮೇಲೆ ನೋಡೋಣ."

"ಆಮೇಲೆ ಅನ್ನ ಆರಿಹೋಗುತ್ತೆ, ಅತ್ತೆ."

ಆಕೆ ಅಡುಗೆಮನೆಯ ನೆಲಕ್ಕೆ ಹಣೆ ಹಚ್ಚಿ ನಮಸ್ಕರಿಸಿದರು. "ಅಮ್ಮಾ, ನಾನು," ಎಂದು ತಮ್ಮ ಹೆಸರು ಹೇಳಿದರು. ಅದನ್ನು ನಾನು ಕೇಳಿದ್ದು ಅಂದೇ ಮೊದಲು. ಅಳುತ್ತಿದ್ದರೋ ಇಲ್ಲವೋ ಹೇಳಲಾರೆ; ನನಗೆ ಕಂಡದ್ದು ಬೆನ್ನು ಮಾತ್ರ. ಕೈಯಲ್ಲಿದ್ದ ಕುರ್ಚಿಗಳನ್ನು ಕೆಳಗಿಡಬೇಕೆಂದು ನನಗೆ ಹೊಳೆಯಲಿಲ್ಲ.

ಅತ್ತೆ ತಡೆಯಲಿಲ್ಲ. ಆದರೆ ಬಹಳ ದಿನ ಸೊಸೆಯೊಡನೆ ಮಾತು ಬಿಟ್ಟರು. ಆಕೆಯ ತಾಯಿಯ ಎಡೆ ಮಾತ್ರ ಮುಂದೆ ಪ್ರತಿವರ್ಷ ನಡೆಯಿತು, ಅದೇ ಅಡುಗೆಮನೆಯಲ್ಲಿ.

ಈಗ ಆಕೆ ಇಲ್ಲ. ಅತ್ತೆಯೂ ಇಲ್ಲ, ಗಂಡನೂ ಇಲ್ಲ. ಕಳೆದ ಚಳಿಗಾಲದಲ್ಲಿ ಮಗಳು ತಾಯಿಯ ಎಡೆಗೆ ನಮ್ಮನ್ನು ಮನೆಗೆ ಕರೆದಿದ್ದಳು. ಎಡೆಯನ್ನು ಮುಂದಿನ ಕೋಣೆಯಲ್ಲೇ ಇಟ್ಟಿದ್ದಳು. ಫೋಟೋದ ಕೆಳಗೆ ತಾಯಿಯ ಹೆಸರಷ್ಟೇ ಬರೆದಿತ್ತು. ಅನ್ನ ಹಬೆಯಾಡುತ್ತಿದ್ದಾಗಲೇ ಅವಳು ಅಡ್ಡಬಿದ್ದಳು.

ಅಂದು ಆ ಅಡುಗೆಮನೆಯಲ್ಲಿ ಅದನ್ನು ಕಂಡವರ ಪೈಕಿ ಉಳಿದಿರುವವರು ಮೂವರು: ಆ ಮಗಳು, ನನ್ನ ಹೆಂಡತಿ, ನಾನು.