ಮಂಜಣ್ಣನ ಆಟಗಾರನನ್ನು ಮಾರಿದ್ದು

ಇವತ್ತು ಹಾಸನದ ರಿಪೇರಿ ಅಂಗಡಿಯಲ್ಲಿ ಹಳೇ ಕಂಪ್ಯೂಟರ್ ಆನ್ ಮಾಡಿದಾಗ ಬಿಸಿ ಧೂಳಿನ ವಾಸನೆ ಬಂತು. ಚಿಕ್ಕಂದಿನಲ್ಲಿ ರಜೆಗೆ ಹೋಗುತ್ತಿದ್ದ ದುದ್ದದ ದೊಡ್ಡಮ್ಮನ ಮನೆ ನೆನಪಾಯಿತು.

ಅಲ್ಲಿ ದೊಡ್ಡಮ್ಮ ಕಂಪ್ಯೂಟರಿಗೂ ಕುಂಕುಮ ಇಟ್ಟು, ಹಳೇ ಸೀರೆಯ ತುಂಡು ಹೊದಿಸುತ್ತಿದ್ದಳು. ಅವಳ ಮಗ ಮಂಜಣ್ಣ ಅದರಲ್ಲಿ ಆಟಗಾರರನ್ನು ಕೊಂಡು, ಮಾರಿ ಫುಟ್‌ಬಾಲ್ ತಂಡ ನಡೆಸುವ ಆಟ ಆಡುತ್ತಿದ್ದ. ಹದಿನಾರು ವರ್ಷದ ಆಟಗಾರನೊಬ್ಬನನ್ನು ಹುಡುಕಿ ತಂಡಕ್ಕೆ ಸೇರಿಸಿ, ಬೇಸಿಗೆ ರಜೆಯಿಡೀ ಬೆಳೆಸಿದ್ದ. "ಇವನಂಗೆ ಇನ್ನೊಬ್ಬ ಸಿಕ್ಕಲ್ಲ ಕಣ್ಲಾ" ಎನ್ನುತ್ತಿದ್ದ. ನನಗೆ ಮಾತ್ರ ಮೌಸ್ ಮುಟ್ಟಲೂ ಬಿಡುತ್ತಿರಲಿಲ್ಲ. ಅವನು ಡೈರಿಗೆ ಹಾಲು ಹಾಕಲು ಹೋದಾಗ, ಹೊಟ್ಟೆಕಿಚ್ಚಿಗೆ ಆ ಆಟಗಾರನನ್ನು ಬೇರೆ ತಂಡಕ್ಕೆ ಮಾರಿ ಸೇವ್ ಮಾಡಿಬಿಟ್ಟೆ.

ಮಂಜಣ್ಣ ಬಂದು ನೋಡಿದವನೇ ತನ್ನ ತಂಗಿ ಸೌಮ್ಯಕ್ಕನ ಬೆನ್ನಿಗೆ ಗುದ್ದಿದ.

"ನಾನು ಮುಟ್ಟಿಲ್ಲ ಕಣಣ್ಣ" ಎಂದು ಅವಳು ಅತ್ತಳು.

"ಇನ್ಯಾರು, ಈ ಮೂಕ ಮುಟ್ಬುಟ್ನಾ?" ಎಂದು ಅವನು, ಮಾತು ಕಮ್ಮಿಯಾದ ನನ್ನ ಕಡೆ ಕೈ ತೋರಿಸಿದ.

"ಇಲ್ದೇ ಇರೋ ಹುಡುಗನ್ಗೋಸ್ಕರ ಇರೋ ತಂಗೀಗೆ ಹೊಡೀತೀಯೇನ್ಲಾ" ಎಂದು ದೊಡ್ಡಮ್ಮ ಬೈದಳು.

ನಾನು ತಲೆ ಎತ್ತದೆ ಮುದ್ದೆ ಮುರಿಯುತ್ತಾ ಕೂತಿದ್ದೆ.

ಸೌಮ್ಯಕ್ಕ ಈಗ ಚನ್ನರಾಯಪಟ್ಟಣದಲ್ಲಿದ್ದಾಳೆ. ನಾನು ಏನು ಬರೆದು ಹಾಕಿದರೂ ಮೊದಲು ಓದಿ ಲೈಕ್ ಒತ್ತುವವಳು ಅವಳೇ. ಇದನ್ನೂ ಓದುತ್ತಾಳೆ.

ಅಕ್ಕ, ಅವತ್ತು ಮಾರಿದ್ದು ನಾನು.