ಮಾಳಿಗೆ ಕೋಣೆಯ ಕಡಲ ಕಸಬುದಾರರು

ಸುರಪುರದ ನಮ್ಮ ಮನೆಯ ಮಾಳಿಗೆ ಮೇಲೆ ಒಂದೇ ಕೋಣೆ. ಅದಕ್ಕೊಂದು ಕಿಟಕಿ, ಕಿಟಕಿಯಾಚೆ ಬರೀ ಬಂಡೆಗುಡ್ಡ. ನನ್ನ ನಾದಿನಿಯನ್ನು ಆ ಕೋಣೆಯಲ್ಲಿಟ್ಟು ಚಿಲಕ ಹಾಕಿದ ಬೇಸಿಗೆಯಲ್ಲಿ ನಾನಿನ್ನೂ ಆ ಮನೆಗೆ ಹೊಸ ಸೊಸೆ.

ಆಕೆ ಮಾಡಿದ್ದಿಷ್ಟೇ. ನೋಡಲು ಬಂದ ಗಂಡಿನ ಕಡೆಯವರ ಮುಂದೆ ಚಹಾದ ತಟ್ಟೆ ಇಟ್ಟು, "ನನಗ ಈ ಲಗ್ನ ಬ್ಯಾಡ್ರಿ. ನಾ ಇನ್ನಾ ಓದಾಕತ್ತೀನಿ," ಅಂದುಬಿಟ್ಟಿದ್ದಳು. ಶಹಾಪುರದ ಕಾಲೇಜಿನಲ್ಲಿ ಆಕೆಯದು ಬಿ.ಎ. ಕೊನೆಯ ವರ್ಷ. ಬಂದವರು ಚಹಾ ಮುಟ್ಟದೆ ಎದ್ದುಹೋದರು. "ಹೂಂ ಅನ್ನೂತನಕ ಹೊಸ್ತಿಲ ದಾಟಬ್ಯಾಡ," ಅಂದರು ಮಾವ. ಅತ್ತೆ ಮಗಳನ್ನು ಮೇಲೆ ಕರೆದೊಯ್ದು ಹೊರಗಿನಿಂದ ಚಿಲಕ ಹಾಕಿದರು.

ಒಬ್ಬಳೇ ಇದ್ದರೆ ಏನಾದರೂ ಮಾಡಿಕೊಂಡಾಳೆಂಬ ಅಂಜಿಕೆಗೆ ಕಾವಲಿಗೆ ನನ್ನನ್ನು ಕೂಡಿಸಿದರು. ಮಧ್ಯಾಹ್ನದ ಮುಸುರೆ ತಿಕ್ಕಿ ನಾನು ಮೇಲೆ ಹತ್ತಿದರೆ ಅತ್ತೆ ಹಿಂದೆಯೇ ಬಂದು ಬಾಗಿಲು ಹಾಕುತ್ತಿದ್ದರು. ಹೀಗೆ ಕಾವಲಿಗೆ ಬಂದ ನಾನೂ ಸೆರೆಯಾದೆ. ಅವರು ನಿದ್ದೆಯಿಂದೆದ್ದು ಬಂದು ತೆಗೆಯುವವರೆಗೆ ನಾವಿಬ್ಬರೂ ಆ ಕಾದ ಕಲ್ಲಿನ ಚಾವಣಿಯ ಕೆಳಗೆ ಬೇಯಬೇಕು. ಕರೆಂಟು ಹೋಗಿ ಫ್ಯಾನು ನಿಂತರಂತೂ ಉಸಿರಾಡಲಾಗುತ್ತಿರಲಿಲ್ಲ.

ಮೊದಮೊದಲು ಆಕೆ ಮಾತೇ ಆಡಲಿಲ್ಲ. ಗೋಡೆಗೆ ಮುಖ ಮಾಡಿ ಮಲಗಿರುತ್ತಿದ್ದಳು. ಅತ್ತೆ ಹಳೆಯ ಸೀರೆಗಳ ಗಂಟು ತಂದಿಟ್ಟು, "ಸುಮ್ಮ ಕೂಡೂ ಬದಲಿ ಕೌದಿನರ ಹೊಲೀರಿ," ಅಂದಿದ್ದರು. ನಾನು ತುಂಡುಗಳನ್ನು ಹಾಸಿ ಹೊಲಿಯತೊಡಗಿದೆ. ಒಂದು ದಿನ ಕೈಗೆ ನೀಲಿ ಸೀರೆಯ ತುಂಡು ಬಂತು. ಮೌನ ತಡೆಯಲಾಗದೆ ಬಾಯಿಗೆ ಬಂದದ್ದು ಹೇಳಿದೆ.

"ಕಡಲಿನ ತಳದಾಗ ಕಸಬುದಾರರದೊಂದು ಕೂಟ ಐತಂತ. ಅವರು ನೀರನ್ನ ಹೊಲೀತಾರಂತ. ತೆರಿ ಹರದರ ತ್ಯಾಪಿ ಹಾಕ್ತಾರಂತ."

ಗೋಡೆಯ ಕಡೆಯಿಂದ ದನಿ ಬಂತು. "ಸುಳ್ಳ. ನೀರಾಗ ದಾರ ನಿಲ್ತೈತೇನು?"

"ಮಂತ್ರದ ಸೂಜಿ ಐತಿ."

"ಯಾತರ ಸೂಜಿ?"

"ಮೀನಿನ ಮುಳ್ಳಿಂದು."

"ಹಂಗಾದರ ಛಲೋ ಆತು. ತುಕ್ಕ ಹಿಡಿಯಂಗಿಲ್ಲ," ಅಂದಳು. ಅಂದು ಎದ್ದು ಕೂತು ಕೌದಿಯ ಇನ್ನೊಂದು ಅಂಚು ಹಿಡಿದಳು.

ನಾವಿಬ್ಬರೂ ಕಡಲು ಕಂಡವರಲ್ಲ. ಬೋನಾಳ ಕೆರೆಯೇ ನಾವು ಕಂಡ ದೊಡ್ಡ ನೀರು. ಆದರೂ ದಿನದಿನಕ್ಕೆ ಕೂಟ ಬೆಳೆಯಿತು. ನಮ್ಮ ಕಡೆ ಹತ್ತಿ ಹಿಂಜಿದ ಹಾಗೆ ನೊರೆಯನ್ನು ಹಿಂಜುವವರು ಬಂದರು. ಬೆಳದಿಂಗಳನ್ನು ಕಾಸಿ ಬಡಿದು ಮೀನುಗಳಿಗೆ ಪೊರೆ ಮಾಡುವವರು ಬಂದರು. ಮುಳುಗಿದವರ ದನಿಯನ್ನು ಶಂಖದೊಳಗೆ ತುಂಬಿಡುವ ಮುದುಕಿಯೊಬ್ಬಳು ಅವರಿಗೆಲ್ಲ ಹಿರಿಯಳಾದಳು. ಕಟ್ಟಳೆ ಮಾಡುವುದು ನಾದಿನಿಯ ಕೆಲಸ. ಯಾರೂ ಕೇಳದ ವಸ್ತುವೊಂದನ್ನು ಮಾಡಿ ತೋರಿಸಿದವರಿಗಷ್ಟೇ ಕೂಟದಲ್ಲಿ ಜಾಗ, ಅಂದಳು. ಕೇಳಿದ್ದನ್ನಷ್ಟೇ ಮಾಡುವವರು ಕೂಲಿಯವರಂತೆ. ನಾನು ನಕ್ಕೆ. ಹಾಗಾದರೆ ನನಗೆ ಜಾಗವಿಲ್ಲ ಅನ್ನಿಸಿತು.

ಅದೇ ದಿನಗಳಲ್ಲಿ ಒಮ್ಮೆ ನನ್ನ ಹೊಟ್ಟೆ ಕೆಟ್ಟಿತು. ಬಾಗಿಲು ಬಡಿದೆ, ಅತ್ತೆಯನ್ನು ಕೂಗಿದೆ. ಕೆಳಗೆ ಎಲ್ಲರೂ ಮಲಗಿದ್ದರು. ಕೊನೆಗೆ ಮೂಲೆಯಲ್ಲಿ ನಾದಿನಿಗೆಂದು ಇಟ್ಟಿದ್ದ ಬಕೆಟ್ಟಿನ ಹತ್ತಿರ ಹೋಗಬೇಕಾಯಿತು. ನಾದಿನಿ ಕಿಟಕಿಯ ಕಡೆ ತಿರುಗಿ, ಸೀರೆಯೊಂದನ್ನು ಪರದೆಯಂತೆ ಎತ್ತಿ ಹಿಡಿದು ನಿಂತಳು. ನಾಚಿಕೆಯಿಂದ ನನಗೆ ಅಳು ಬಂತು. ಆಕೆ ತಿರುಗದೆಯೇ, "ದಿನಾ ಮುಂಜಾನಿ ನಂದೂ ಇದ ಹಾಡ, ವೈನಿ," ಅಂದಳು. ಅಲ್ಲಿಯವರೆಗೆ ನಾನೇ ಆಕೆಗೆ ಸಮಾಧಾನ ಕೊಡುತ್ತಿದ್ದೇನೆ ಅಂದುಕೊಂಡಿದ್ದೆ.

ಆಮೇಲೆ ಕಥೆ ನನ್ನ ಕೈ ತಪ್ಪಿ ನಾದಿನಿಯ ಕೈಗೆ ಹೋಯಿತು. ಕೂಟದ ಹುಡುಗಿಯೊಬ್ಬಳು ರಾಜನ ಮದುವೆಗೆ ಬಟ್ಟೆ ನೇಯಲು ಒಲ್ಲೆ ಅಂದಳಂತೆ. ಅವಳನ್ನು ಚಿಪ್ಪಿನೊಳಗೆ ಹಾಕಿ ಮುಚ್ಚಿದರಂತೆ. ಮುಂದೇನಾಯಿತೆಂದು ನಾನು ಕೇಳಿದೆ. ನಾದಿನಿ ದಾರ ಕಡಿದು, ಏನೂ ಆಗದವಳ ಹಾಗೆ ಹೇಳಿದಳು:

"ಅಕಿ ಉಪ್ಪಾದಳು. ಬಾಗಿಲ ತೆಗದಾಗ ಒಳಗ ಯಾರೂ ಇದ್ದಿಲ್ಲ. ನೀರಷ್ಟ ಉಪ್ಪಾಗಿತ್ತು."

"ಅಕಿನ್ನ ಹೊರಗ ತರೂಣು. ಮುದುಕಿ ಮಂತ್ರ ಹಾಕ್ತಾಳ."

"ಬ್ಯಾಡ ವೈನಿ. ಅಕಿಗಿ ಸಾಕಾಗೇದ."

ಸಂಜೆ ರೊಟ್ಟಿ ಬಡಿಯುವಾಗ ಅತ್ತೆಗೆ ಹೇಳಿದೆ. "ಅತ್ತೀ, ಹುಡುಗಿ ಉಳಿಯಂಗಿಲ್ಲರಿ. ಅಕಿ ಮಾತು ನೆಟ್ಟಗಿಲ್ಲ."

ಅತ್ತೆ ಹಿಟ್ಟಿನ ಮೇಲಿನ ಕೈ ತೆಗೆಯಲಿಲ್ಲ. "ನಾ ಹದಿನಾರಕ್ಕ ಈ ಮನಿಗಿ ಬಂದಾಕಿ. ನನಗ ಯಾರ ಕೇಳಿದ್ರು? ಉಳದೀನಿಲ್ಲ?"

ಮರುದಿನ ಮಧ್ಯಾಹ್ನ ನಾನು ಮೇಲೆ ಹತ್ತಿದೆ, ಅತ್ತೆ ಹಿಂದೆ ಬಂದರು. ನಾನು ಒಳಗೆ ಹೋಗಲಿಲ್ಲ. ಹೊಸ್ತಿಲ ಮೇಲೆ ಕೂತು ಕದಕ್ಕೆ ಬೆನ್ನು ಕೊಟ್ಟೆ. "ಚಿಲಕ ಹಾಕಬ್ಯಾಡ್ರಿ," ಅಂದೆ. ಅವರು ಬೈದರು, ರಟ್ಟೆ ಹಿಡಿದು ಎಳೆದರು. ನಾನು ಏಳಲಿಲ್ಲ. ಗದ್ದಲ ಕೇಳಿ ಮಾವ ಮತ್ತು ನನ್ನ ಗಂಡ ಮೆಟ್ಟಿಲ ಬುಡಕ್ಕೆ ಬಂದು ನಿಂತರು. ಎಂದೂ ಮಾವನ ಮುಂದೆ ಬಾಯಿಬಿಡದ ನಾನು ಅಲ್ಲಿಂದಲೇ ಹೇಳಿದೆ. "ಮಾವಾರ, ಪರೀಕ್ಷಾ ಬರೀಲಿ. ನಾ ಜೋಡಿ ಹೋಗ್ತೀನಿ, ಜೋಡಿ ಬರ್ತೀನಿ. ಇಲ್ಲಂದರ ನಾಳಿ ಬಾಗಿಲ ತೆಗದಾಗ ಹೆಣ ಸಿಗ್ತದ."

ಹೆಣ ಅನ್ನುವ ಮಾತು ಎಲ್ಲರ ಕಿವಿಗೆ ಬಿತ್ತು. ಗಂಡ ತಲೆ ತಗ್ಗಿಸಿದ. ಅತ್ತೆ ನನ್ನ ರಟ್ಟೆ ಬಿಟ್ಟು, ಮೆಲ್ಲಗೆ ಮೆಟ್ಟಿಲ ಮೇಲೆ ಕೂತು, ಸೆರಗಿನಿಂದ ಮುಖ ಮುಚ್ಚಿಕೊಂಡರು. ಮಾವ, "ನಿನ್ನ ಮ್ಯಾಲೇ ಜವಾಬ್ದಾರಿ," ಅಂದು ಹೊರಗೆ ನಡೆದರು.

ಪರೀಕ್ಷೆಯ ದಿನಗಳಲ್ಲಿ ನಾವಿಬ್ಬರೂ ಶಹಾಪುರದ ಬಸ್ಸು ಹತ್ತಿದೆವು. ಆಕೆ ಒಳಗೆ ಬರೆಯುವಾಗ ನಾನು ಕಾಲೇಜಿನ ಗೇಟಿನ ಹತ್ತಿರ ಬೇವಿನ ನೆರಳಲ್ಲಿ ಕೂತಿರುತ್ತಿದ್ದೆ. ಮದುವೆಯಾದ ಮೇಲೆ ಮನೆಯಾಚೆ ನಾನು ಅಷ್ಟು ಹೊತ್ತು ಒಬ್ಬಳೇ ಇದ್ದದ್ದು ಅದೇ ಮೊದಲು. ಕಬ್ಬಿನ ಹಾಲಿನ ಗಾಣದ ಗೆಜ್ಜೆ ಸದ್ದು ಕೇಳುತ್ತ, ಈ ಪರೀಕ್ಷೆ ಮುಗಿಯದಿರಲಿ ಅಂತ ಬೇಡಿಕೊಂಡೆ.

ಆಕೆ ಪಾಸಾದಳು. ಮದುವೆಯ ಮಾತು ಮತ್ತೆ ಎದ್ದಿತು, ಜಗಳವೂ ಎದ್ದಿತು. ಚಿಲಕ ಮಾತ್ರ ಮತ್ತೆ ಬೀಳಲಿಲ್ಲ. ಮುಂದೆ ಆಕೆ ಬಸ್ಸಿನ ಕಂಡಕ್ಟರ್ ಕೆಲಸ ಹಿಡಿದಳು. ಮಾವ ಬಹಳ ಕಾಲ ಮಗಳ ಜೊತೆ ಮಾತಾಡಲಿಲ್ಲ. ಈಗ ಆಕೆ ಯಾದಗಿರಿಯಲ್ಲಿ ಬಾಡಿಗೆ ಮನೆ ಮಾಡಿ ಒಬ್ಬಳೇ ಇದ್ದಾಳೆ. ವಡಗೇರಾ ಕಡೆಯ ಬಸ್ಸಿನಲ್ಲಿ "ಮುಂದ ಸರೀರಿ, ಮುಂದ ಜಾಗಾ ಐತಿ," ಎಂದು ಕೂಗಿ ಕೂಗಿ ಆಕೆಯ ದನಿ ಒಡೆದಿದೆ.

ರಜೆ ಸಿಕ್ಕಾಗ ಸುರಪುರಕ್ಕೆ ಬರುತ್ತಾಳೆ. ಹೋದ ಸಲ ಬಂದವಳು ಅಡುಗೆಮನೆಯಲ್ಲಿ ಕೂತು ನನ್ನನ್ನೇ ನೋಡುತ್ತಿದ್ದಳು.

"ವೈನಿ, ನೀ ಒಂದ್ ಸಲನರ ನನ್ನ ಮನಿಗಿ ಬಂದೀಯೇನು? ಈಗ ನಿನಗ ತಡಿಯೋರು ಯಾರದಾರ?"

ಅತ್ತೆಯನ್ನು ಮಂಡಿನೋವು ಏಳಗೊಡುವುದಿಲ್ಲ. ಮಾವನಿಗೆ ಹೊತ್ತಿಗೆ ಸರಿಯಾಗಿ ಮಿದು ರೊಟ್ಟಿ ಬೇಕು. ಮಕ್ಕಳ ಶಾಲೆ ಬೇರೆ. ಹೇಳಲು ಹೊರಟರೆ ಒಂದೊಂದೂ ನಿಜ, ಯಾವುದೂ ಚಿಲಕವಲ್ಲ.

"ಬರ್ತೀನಿ," ಅಂದೆ. "ಮೊದಲ ಉಣ್ಣು. ರೊಟ್ಟಿ ಆರಾಕತ್ತಾವ."