ಮಗಳ ಮದುವೆಗೆ ನಮ್ಮದೇ ಮಡಕೆ

ನಮ್ಮದು ಹೊಸನಗರದ ಕಡೆ, ನಗರ ಎಂಬ ಊರಿನ ಹಳೆಯ ಕೋಟೆಯಿಂದ ಸ್ವಲ್ಪ ದೂರದ ಊರು. ಕೋಟೆಯ ಅರಸರ ಅಡುಗೆಮನೆಗೆ ನಮ್ಮ ಹಿರಿಯರೇ ಮಡಕೆ ಕೊಡುತ್ತಿದ್ದರೆಂದು ಗಂಡನ ಮನೆಯವರು ಹೇಳಿಕೊಳ್ಳುತ್ತಾರೆ. ನಿಜವೋ ಸುಳ್ಳೋ, ಗದ್ದೆ ಉಳುವಾಗ ಈಗಲೂ ಹಳೆಯ ಮಡಕೆಯ ಚೂರು ಮೇಲೇಳುವುದಂತೂ ನಿಜ.

ಮದುವೆಯಾಗಿ ಬಂದಂದಿನಿಂದ ನಾನು ಮಣ್ಣು ತುಳಿದಿದ್ದೇನೆ, ಮಡಕೆ ತಟ್ಟಿದ್ದೇನೆ. ತಿಗರಿ ತಿರುಗಿಸಿ ಮಡಕೆಯ ಬಾಯಿ, ಕೊರಳು ಎತ್ತುವುದು ಗಂಡಸರ ಕೆಲಸ. ಅದು ಕೊಂಚ ಬಿರುಸಾದ ಮೇಲೆ ಒಳಗೊಂದು ಗುಂಡುಕಲ್ಲು ಹಿಡಿದು, ಹೊರಗಿನಿಂದ ಮರದ ಹಲಗೆಯಲ್ಲಿ ತಟ್ಟಿ ತಟ್ಟಿ ಹೊಟ್ಟೆ ಉಬ್ಬಿಸಿ ತಳ ಮುಚ್ಚುವುದು ಹೆಂಗಸರದು. ಸುತ್ತಲಿನ ಯಾರ ಮನೆಯಲ್ಲಿ ಮದುವೆಯಾದರೂ ಶಾಸ್ತ್ರಕ್ಕೆ ಇಡುವ ಐರಣಿ ಮಡಕೆ ನಮ್ಮ ಅಂಗಳದಿಂದಲೇ ಹೋಗಬೇಕು. ಓಲಗದೊಂದಿಗೆ ಬರುತ್ತಾರೆ, ಸುಣ್ಣದ ಚಿತ್ತಾರ ಬರೆದ ಮಡಕೆಗಳಿಗೆ ಪೂಜೆ ಮಾಡುತ್ತಾರೆ, ನಮಗೆ ಎಲೆ ಅಡಿಕೆ, ಅಕ್ಕಿ, ಕಾಯಿ ಕೊಟ್ಟು ಅವನ್ನು ಹೊತ್ತುಕೊಂಡು ಹೋಗುತ್ತಾರೆ.

ಇಂಥ ಮನೆಯಲ್ಲಿ ಮಣ್ಣೇ ಕೈಕೊಟ್ಟಿತು. ನಾವು ಮಣ್ಣು ತೆಗೆಯುತ್ತಿದ್ದ ಕೆರೆಯನ್ನು ಜೆಸಿಬಿ ತಂದು ಆಳ ಮಾಡಿದರು. ಕೆರೆಯಲ್ಲಿ ನೀರೇನೋ ಹೆಚ್ಚು ನಿಂತಿತು. ನಮ್ಮ ಜೇಡಿಮಣ್ಣು ಮಾತ್ರ ಹರಳುಕಲ್ಲಿನ ಜೊತೆ ಕಲಸಿಹೋಯಿತು. ಬೇರೆ ಕಡೆಯಿಂದ ತರಿಸಿದ ಮಣ್ಣು ಒಣಗುವಾಗಲೇ ಬಿರಿಯುತ್ತಿತ್ತು. ಸುಟ್ಟು ಉಳಿದದ್ದಕ್ಕೆ ನೀರು ತುಂಬಿದರೆ ಬೆಳಗಾಗುವಷ್ಟರಲ್ಲಿ ಅರ್ಧ ನೆಲಕ್ಕೆ. ನಮ್ಮ ಯಜಮಾನರು ಬೇಸತ್ತು ಬಾಡಿಗೆಗೆ ಗೂಡ್ಸ್ ಆಟೋ ಓಡಿಸತೊಡಗಿದರು. ತಿಗರಿಯ ಮೇಲೆ ಕೋಳಿ ಕೂರತೊಡಗಿತು.

ಆ ಹೊತ್ತಿಗೆ ಮಗಳಿಗೆ ತೀರ್ಥಹಳ್ಳಿ ಕಡೆಯ ಸಂಬಂಧ ಕೂಡಿಬಂತು. ಬೇಸಿಗೆಯಲ್ಲಿ ಮದುವೆ, ನಮ್ಮ ಅಂಗಳದಲ್ಲೇ. ಸಾಮಾನಿನ ಮಾತು ಬಂದಾಗ ಇವರು ಮೆಲ್ಲಗೆ, "ಐರಣಿ ಮಡಕೆ ಸಾಗರದ ಪೇಟೆಲಿ ಸಿಗ್ತವಂತೆ. ತಂದ್ರಾಯ್ತು" ಅಂದರು.

ಅತ್ತೆ ಉಣ್ಣುತ್ತಿದ್ದವರು ಕೈ ತಡೆದು ಕೂತರು. "ಕುಂಬಾರ್ರ ಮನೆ ಮದುವೆಗೆ ಪೇಟೆ ಮಡಕೆನಾ? ಜನ ಎಂತ ಅಂತಾರೆ?"

"ಮಣ್ಣೇ ಇಲ್ಲ ಅಂದ್ಮೇಲೆ ಎಂತ ಮಾಡೋದವ್ವಾ?"

"ಮಣ್ಣು ಐತೆ. ನಮ್ಮಪ್ಪನ ಮನೆ ಹಿಂದೆ."

ನಾವಿಬ್ಬರೂ ಮುಖ ಮುಖ ನೋಡಿಕೊಂಡೆವು. ಅತ್ತೆಯ ತವರೂರು ಲಿಂಗನಮಕ್ಕಿಯ ಹಿನ್ನೀರಿನಡಿ ಹೋಗಿ ಎಷ್ಟೋ ಕಾಲವಾಗಿತ್ತು. ಅವರು ಲಂಗ ತೊಡುವ ವಯಸ್ಸಿನಲ್ಲೇ ಗಾಡಿಗೆ ಸಾಮಾನು ಹೇರಿಕೊಂಡು ಅಲ್ಲಿಂದ ಹೊರಟವರು.

"ಈ ಸಲ ನೀರು ಭಾರಿ ಇಳಿದೈತಂತೆ, ಬಸ್ಸಲ್ಲಿ ಹೇಳ್ತಿದ್ರು" ಅಂದರು ಅತ್ತೆ. "ನಂಗೆ ಜಾಗ ಗೊತ್ತು. ಕರ್ಕೊಂಡು ಹೋಗು."

ಮಾರನೆಯ ದಿನವೇ ಅದೇ ಆಟೋದಲ್ಲಿ ಮೂವರೂ ಹೊರಟೆವು. ಹಿನ್ನೀರಿನ ದಂಡೆಯಲ್ಲಿ ನೆಲ ಬಿರುಕುಬಿಟ್ಟು ಕಣ್ಣು ಹರಿಯುವವರೆಗೂ ಬಿದ್ದಿತ್ತು. ನಡುನಡುವೆ ಕಪ್ಪಾದ ಮರದ ಬೊಡ್ಡೆಗಳು. ನನಗೆ ಎಲ್ಲ ಒಂದೇ ಥರ ಕಂಡಿತು. ಅತ್ತೆ ಮಾತ್ರ ಸೀರೆ ಎತ್ತಿ ಕಟ್ಟಿ ಮುಂದೆ ಮುಂದೆ ನಡೆದರು. ಒಮ್ಮೆ ದಾರಿ ತಪ್ಪಿದರು, ನಿಂತರು, ಸುತ್ತ ನೋಡಿದರು. ಬಿಸಿಲಿಗೆ ನಾನು ಸೋತು ಇನ್ನು ವಾಪಸು ಹೋಗೋಣ ಎನ್ನಬೇಕು, ಅಷ್ಟರಲ್ಲಿ ಅವರು ಕೂಗಿದರು. ಹೂಳು ತುಂಬಿದ ಒಂದು ಬಾವಿಯ ಕಟ್ಟೆ. ಅದರಾಚೆ ನೆಲದ ತುಂಬ ಮಡಕೆಯ ಚೂರು, ಕರಕಲು ಮಣ್ಣು. ಅವರ ಅಪ್ಪ ಮಡಕೆ ಸುಡುತ್ತಿದ್ದ ಆವಿಗೆ ಅದು.

ಅತ್ತೆ ಅಳುತ್ತಾರೆಂದುಕೊಂಡೆ. ಅವರು ಸೊಂಟಕ್ಕೆ ಕೈಯಿಟ್ಟು ಮಗನಿಗೆ, "ನಿಂತ್ಕೊಂಡು ಎಂತ ನೋಡ್ತೀಯ? ಇಲ್ಲಿಂದ ಕೆಳಗೆ ಅಗಿ" ಅಂದರು.

ಮೇಲೆಲ್ಲ ಹೂಳು. ಅದು ಮುಗಿದ ಮೇಲೆ ಗುದ್ದಲಿಗೆ ಬೆಣ್ಣೆಯಂತೆ ಕತ್ತರಿಸಿ ಬಂದ ಬೂದುಬಣ್ಣದ ಮಣ್ಣು. ಇವರು ಒಂದು ಹಿಡಿ ತೆಗೆದು ಹೊಸೆದು ಹಗ್ಗ ಮಾಡಿ ಬೆರಳಿಗೆ ಸುತ್ತಿದರು. ಎಲ್ಲೂ ಬಿರಿಯಲಿಲ್ಲ. ಬಿಚ್ಚಿ ಮತ್ತೆ ಸುತ್ತಿದರು. ಎಷ್ಟೋ ದಿನದ ಮೇಲೆ ಅವರ ಮುಖದಲ್ಲಿ ನಗು ಕಂಡೆ.

ಮನೆಗೆ ತಂದು ನೆನೆಹಾಕಿ, ಸೋಸಿ, ಸಣ್ಣ ಮರಳು ಬೆರೆಸಿ ತುಳಿದೆವು. ಕೋಳಿಯನ್ನು ಓಡಿಸಿ ತಿಗರಿ ತೊಳೆದೆವು. ಐರಣಿ ಮಡಕೆಗಳು ಸಲೀಸಾಗಿ ಎದ್ದವು. ಅತ್ತೆಗೆ ಅಷ್ಟಕ್ಕೇ ತೃಪ್ತಿಯಿಲ್ಲ. "ಮದುವೆಗೆ ಬಂದೋರಿಗೆ ಕುಡಿಯೋ ನೀರು ಎದ್ರಲ್ಲಿ ಇಡ್ತೀ? ಪ್ಲಾಸ್ಟಿಕ್ ಡ್ರಮ್ಮಲ್ಲಾ? ಗುಡಾಣ ಮಾಡು."

ಗುಡಾಣವೆಂದರೆ ನಿಂತರೆ ನನ್ನ ಎದೆಯುದ್ದ ಬರುವ ದೊಡ್ಡ ಮಣ್ಣಿನ ಪಾತ್ರೆ. ನಾನು ನೋಡಿದ್ದೆನೇ ಹೊರತು ಮಾಡಿದವಳಲ್ಲ. ಅದು ತಿಗರಿಯ ಮೇಲೆ ಏಳುವುದಿಲ್ಲ. ತಳ ತಟ್ಟಿ, ಅದು ಬಿರುಸಾಗುವವರೆಗೆ ಕಾದು, ಮೇಲೆ ಮಣ್ಣಿನ ಸುರುಳಿ ಇಟ್ಟು, ಮತ್ತೆ ತಟ್ಟಿ, ಮತ್ತೆ ಕಾದು ಏರಿಸಬೇಕು. ನಾನು ಅವಸರ ಮಾಡಿದೆ. ಅರ್ಧ ಏರಿದ ಗುಡಾಣ ಕಣ್ಣೆದುರೇ ಸೊಂಟ ಮುರಿದವರಂತೆ ಕುಸಿಯಿತು. ನನಗೆ ಅಳು ಬಂತು.

"ಹಸಿ ಮಣ್ಣು ಕಣೇ, ಮತ್ತೆ ಕಲ್ಸಿದ್ರಾಯ್ತು" ಅಂದರು ಅತ್ತೆ. "ಈ ಸಲ ಮಣ್ಣು ಹೇಳಿದಾಗ ಏರಿಸು, ನಿಂಗೆ ಅನ್ಸಿದಾಗಲ್ಲ."

ಎರಡನೆಯ ಸಲ ಅತ್ತೆ ಹೊರಗಿನಿಂದ ತಟ್ಟಿದರು. ನಾನು ಒಳಗೆ ತೋಳು ಇಳಿಬಿಟ್ಟು ಕಲ್ಲು ಹಿಡಿದೆ. ಅವರ ಏಟು ಬಿದ್ದ ಕಡೆಗೆ ನನ್ನ ಕಲ್ಲು ಹೋಗಬೇಕು. ಮೊದಮೊದಲು ತಪ್ಪುತ್ತಿತ್ತು. ಆಮೇಲಾಮೇಲೆ ಏಟಿಗಿಂತ ಮೊದಲೇ ನನ್ನ ಕೈ ಅಲ್ಲಿರುತ್ತಿತ್ತು. ಗುಡಾಣ ಏರಿತು, ಹೊಟ್ಟೆ ಬಂತು, ಕೊರಳು ಬಂತು.

ನೆರಳಲ್ಲಿ ಒಣಗಿಸಿ ನಮ್ಮ ಆವಿಗೆಗೆ ಇಟ್ಟೆವು. ಸೌದೆ, ಒಣಗಿದೆಲೆಯ ದರಗು, ಮೇಲೆ ಹುಲ್ಲು, ಅದರ ಮೇಲೆ ಕೆಸರಿನ ಹೊದಿಕೆ. ಬೆಂಕಿ ಹಿಡಿದ ಮೇಲೆ ಹುಲಿಕಲ್ ಘಾಟಿಯ ಕಡೆ ಮೋಡ ಕಟ್ಟಿತು, ಗುಡುಗಿತು. ಇವರು ತಗಡು ಹೊತ್ತು ತಂದು ನಿಂತರು. ಎರಡು ಹನಿ ಉದುರಿಸಿ ಮೋಡ ಘಟ್ಟ ಇಳಿದು ಹೋಯಿತು.

ಪೂರಾ ತಣಿದ ಮೇಲೆ ಬೂದಿ ಸರಿಸಿದೆವು. ಐರಣಿ ಮಡಕೆಗಳು ಒಂದೂ ಒಡೆದಿರಲಿಲ್ಲ. ಗುಡಾಣದ ಒಂದು ಮಗ್ಗುಲಿಗೆ ಹೊಗೆಯ ಕಪ್ಪು ಹಿಡಿದಿತ್ತು, ಅಷ್ಟೇ. ಅತ್ತೆ ಬೆರಳ ಗೆಣ್ಣಿನಿಂದ ಬಡಿದರು. ಗಂಟೆ ಬಾರಿಸಿದಂತೆ ಕೇಳಿತು. ನಾನು ಕಿರುಚಿದ ರಭಸಕ್ಕೆ ಪಕ್ಕದ ಮನೆಯವರು ಏನೋ ಆಯಿತೆಂದು ಓಡಿಬಂದರು. ಬಂದವರೆಲ್ಲ ಒಬ್ಬೊಬ್ಬರಾಗಿ ಬಡಿದು ನೋಡಿದರು.

ಮದುವೆಯ ದಿನ ಒಂದು ತಮಾಷೆಯ ತೊಡಕು ಎದುರಾಯಿತು. ಐರಣಿ ಮಡಕೆ ಕೇಳಲು ಬರುವವರೂ ನಾವೇ, ಕೊಡುವವರೂ ನಾವೇ. "ನಾನು ಕೊಡೋಳು. ನೀನು ಹೊರಗೆ ಹೋಗಿ ಓಲಗದೋರ ಜೊತೆ ಬಾ" ಅಂದರು ಅತ್ತೆ. ನಾನು ನೆರೆಯ ಹೆಂಗಸರನ್ನು ಕಟ್ಟಿಕೊಂಡು ರಸ್ತೆಯವರೆಗೆ ನಡೆದು, ಅಲ್ಲಿಂದ ತಿರುಗಿ ನನ್ನ ಮನೆಗೇ ದಿಬ್ಬಣ ಬಂದೆ.

ಅತ್ತೆ ಹೊಸ ಸೀರೆಯುಟ್ಟು ಮಡಕೆಗಳ ಹಿಂದೆ ಗತ್ತಿನಿಂದ ಕೂತಿದ್ದರು. "ಯಾವೂರೋರು? ಎಂತಕ್ಕೆ ಬಂದ್ರಿ?"

"ಮಗಳ ಮದುವೆ ಐತೆ. ಮಡಕೆ ಬೇಕಿತ್ತು" ಅಂದೆ.

"ನಮ್ಮನೆ ಮಡಕೆ ಸುಮ್ನೆ ಸಿಗಲ್ಲ. ಕಾಲಿಗೆ ಬೀಳು."

ಹೆಂಗಸರೆಲ್ಲ ನಗತೊಡಗಿದರು. ನಾನು ಬಾಗಿದೆ. ಅತ್ತೆ ನನ್ನನ್ನು ಎತ್ತಿ, ಎಲ್ಲಕ್ಕಿಂತ ಚೆಂದದ ಮಡಕೆಯನ್ನು ತಾವೇ ನನ್ನ ತಲೆಯ ಮೇಲಿಟ್ಟರು. ಓಲಗ ಜೋರಾಯಿತು. ಅಂಗಳದಲ್ಲಿ ಬೀಗರು ಗುಡಾಣದ ತಣ್ಣನೆ ನೀರು ಕುಡಿದು, ಯಾವ ಪೇಟೆಯಿಂದ ತಂದಿರೆಂದು ಇವರನ್ನು ಕೇಳುತ್ತಿದ್ದರು.

"ಪೇಟೆದಲ್ಲ" ಅಂದರು ಇವರು, ಗಟ್ಟಿಯಾಗಿ. "ನಮ್ಮವ್ವ, ನನ್ನ ಹೆಂಡ್ತಿ ಮಾಡಿದ್ದು."

ಆ ಬೇಸಿಗೆಯಲ್ಲೇ ನೀರು ಏರುವ ಮೊದಲು ಅತ್ತೆಯ ತವರಿನ ಮಣ್ಣನ್ನು ಆಟೋದಲ್ಲಿ ಹೇರಿ ಹೇರಿ ತಂದು ಹಿತ್ತಲಲ್ಲಿ ರಾಶಿ ಹಾಕಿಕೊಂಡೆವು. ಈಗ ಇವರು ಬೆಳಿಗ್ಗೆ ಬಾಡಿಗೆ ಮುಗಿಸಿ ಮಧ್ಯಾಹ್ನ ತಿಗರಿಗೆ ಕೂರುತ್ತಾರೆ. ಹೊಸನಗರದ ಸಂತೆಗೆ ಮತ್ತೆ ನಮ್ಮ ಮಡಕೆಗಳು ಹೋಗುತ್ತವೆ. ಬೇಸಿಗೆಯಲ್ಲಿ ಗುಡಾಣ ಕೇಳಿಕೊಂಡು ತೀರ್ಥಹಳ್ಳಿಯಿಂದ ಜನ ಬರುತ್ತಾರೆ. ಹೋದ ಬೇಸಿಗೆಯಲ್ಲಿ ಮಗಳೂ ಬಂದು ಅಂಗಳದಲ್ಲಿ ಕೂತಳು. ಅವಳು ಒಳಗೆ ಕಲ್ಲು ಹಿಡಿದಳು, ನಾನು ಹೊರಗಿನಿಂದ ತಟ್ಟಿದೆ. ಅತ್ತೆ ಜಗಲಿಯಿಂದ ಇಬ್ಬರನ್ನೂ ಬೈಯುತ್ತಿದ್ದರು.